ಬಿಲ್ಲಿ ಬೋಸ್ಟನ್: ಕಾರ್ಡಿಫ್ ಕರೆಯದ ಹುಡುಗ

ಇವತ್ತಿನ ಸಂಚಿಕೆ ನಮ್ಮಲ್ಲಿ ಬಹಳ ಜನ ನೋಡೇ ಇರದ ಒಂದು ಆಟದ್ದು, ರಗ್ಬಿ ಲೀಗ್. ಕಬಡ್ಡಿಯಲ್ಲಿ ರೈಡರ್‌ನ ಸೊಂಟ ಹಿಡಿದು ಕೆಡವೋದು ಗೊತ್ತಲ್ಲ? ಅದನ್ನೇ ದೊಡ್ಡ ಮೈದಾನದಲ್ಲಿ, ಚೆಂಡು ಅವುಚಿಕೊಂಡು ಪೂರ್ತಿ ವೇಗದಲ್ಲಿ ಓಡಿಬರುವವನ ಮೇಲೆ ಮಾಡ್ತಾರೆ ಅಂದ್ಕೊಳ್ಳಿ. ಅವನು ತಪ್ಪಿಸಿಕೊಂಡು ಎದುರಾಳಿಯ ಗೆರೆಯಾಚೆ ಚೆಂಡನ್ನು ನೆಲಕ್ಕೆ ಒತ್ತಿದರೆ ಅದು ‘ಟ್ರೈ’. ಬಿಲ್ಲಿ ಬೋಸ್ಟನ್ ತಮ್ಮ ವೃತ್ತಿಜೀವನದಲ್ಲಿ ಗಳಿಸಿದ ಟ್ರೈಗಳು 571.

ಹುಟ್ಟಿದ್ದು 1934ರಲ್ಲಿ, ವೇಲ್ಸ್‌ನ ಕಾರ್ಡಿಫ್ ಬಂದರಿನ ಪಕ್ಕದ ಟೈಗರ್ ಬೇ ಕೇರಿಯಲ್ಲಿ. ಕಲ್ಲಿದ್ದಲು ಹಡಗುಗಳ ಜೊತೆ ಬಂದ ಹತ್ತಾರು ದೇಶದ ನಾವಿಕರು ನೆಲೆನಿಂತ ಜಾಗ ಅದು. ತಂದೆ ಸಿಯೆರಾ ಲಿಯೋನ್‌ನವರು, ತಾಯಿ ಐರಿಷ್ ಮೂಲದ ಕಾರ್ಡಿಫ್ ಹೆಣ್ಣುಮಗಳು. ಮನೆತುಂಬ ಮಕ್ಕಳು. ಹುಡುಗನಿಗೆ ಇದ್ದ ಆಸೆ ಒಂದೇ: ಕಾರ್ಡಿಫ್ ಕ್ಲಬ್ಬಿಗೆ, ಆಮೇಲೆ ವೇಲ್ಸ್‌ಗೆ ಆಡಬೇಕು ಅಂತ. ಕರೆ ಬರಲಿಲ್ಲ. ಕಾರಣವನ್ನು ಯಾರೂ ಬಾಯಿಬಿಟ್ಟು ಹೇಳಲಿಲ್ಲ, ಹೇಳಬೇಕಾಗಿಯೂ ಇರಲಿಲ್ಲ ಅನ್ನಿ. ಟೈಗರ್ ಬೇಯ ಕಪ್ಪು ಹುಡುಗರಿಗೆ ಅದು ಗೊತ್ತಿದ್ದ ವಿಷಯವೇ.

ಇಲ್ಲಿ ಸ್ವಲ್ಪ ಹಿಂದೆ ಹೋಗಬೇಕು. ರಗ್ಬಿ 1895ರಲ್ಲಿ ಎರಡಾಗಿ ಒಡೆಯಿತು. ಉತ್ತರ ಇಂಗ್ಲೆಂಡಿನ ಆಟಗಾರರು ಹೆಚ್ಚಾಗಿ ಗಿರಣಿ, ಗಣಿ ಕಾರ್ಮಿಕರು. ಆಟಕ್ಕೆ ಹೋದರೆ ಆ ದಿನದ ಕೂಲಿ ಹೋಗ್ತಿತ್ತು. ಅದನ್ನು ತುಂಬಿಕೊಡಿ ಅಂದರೆ, ದುಡ್ಡು ಮುಟ್ಟಿದರೆ ಆಟದ ಮರ್ಯಾದೆ ಹೋಗತ್ತೆ ಅಂದರು ಉಳ್ಳವರು. ಉತ್ತರದ ಕ್ಲಬ್ಬುಗಳು ಹಡರ್ಸ್‌ಫೀಲ್ಡ್‌ನ ಹೋಟೆಲೊಂದರಲ್ಲಿ ಸೇರಿ ಬೇರೆಯಾದವು. ಅದೇ ಮುಂದೆ ರಗ್ಬಿ ಲೀಗ್ ಆಯಿತು. ಹಳೆಯ ಬಣವಾದ ರಗ್ಬಿ ಯೂನಿಯನ್, ಅಲ್ಲಿಗೆ ಹೋದವರಿಗೆ ಬಾಗಿಲು ಮುಚ್ಚಿತು. ಒಮ್ಮೆ ಸಹಿ ಹಾಕಿದರೆ ವೇಲ್ಸ್‌ನ ಯೂನಿಯನ್ ತಂಡದ ಕನಸು ಮುಗಿದ ಹಾಗೆ.

1953ರಲ್ಲಿ ವಿಗನ್ ಕ್ಲಬ್ಬಿನವರು ಮನೆಗೇ ಬಂದರು. ಬಿಲ್ಲಿಗೆ ಮನಸ್ಸಿರಲಿಲ್ಲ. ಇವರನ್ನು ಸಾಗಹಾಕೋಣ ಅಂತ ತಾಯಿ 3,000 ಪೌಂಡ್ ಕೇಳಿದರಂತೆ. ಬಂದವರು ಒಪ್ಪಿಬಿಟ್ಟರು! ಕೊಟ್ಟ ಮಾತು ತಪ್ಪೋ ಹಾಗಿಲ್ಲ. ಸಹಿ ಹಾಕಿದ ಹುಡುಗ ಆ ರಾತ್ರಿ ಅತ್ತ ಅನ್ನೋ ಕಥೆಯೂ ಇದೆ.

ಮರುವರ್ಷವೇ, 19ರ ವಯಸ್ಸಲ್ಲಿ, ವಿಗನ್ ಮೊದಲ ತಂಡಕ್ಕೆ ಬೆರಳೆಣಿಕೆಯ ಪಂದ್ಯ ಆಡಿದ್ದ ಬಿಲ್ಲಿ ಗ್ರೇಟ್ ಬ್ರಿಟನ್ ತಂಡದ ಜೊತೆ ಆಸ್ಟ್ರೇಲಿಯಾ, ನ್ಯೂಜಿಲೆಂಡ್ ಪ್ರವಾಸಕ್ಕೆ ಹೊರಟರು. 18 ಪಂದ್ಯ, 36 ಟ್ರೈ. ಓಟವೂ ಇತ್ತು, ಮೈಕಟ್ಟೂ ಇತ್ತು. ತಡೆಯಲು ಬಂದವನನ್ನು ಸುತ್ತಿಕೊಂಡೂ ಹೋಗಬಲ್ಲರು, ಗುದ್ದಿಕೊಂಡೂ ಹೋಗಬಲ್ಲರು.

ನನಗೆ ಅಂಕಿಗಳಿಗಿಂತ ಹೆಚ್ಚು ಕಾಡೋದು 1957. ಆಸ್ಟ್ರೇಲಿಯಾದಲ್ಲಿ ವಿಶ್ವಕಪ್ ಮುಗಿಸಿ ಬ್ರಿಟನ್ ತಂಡ ಪ್ರದರ್ಶನ ಪಂದ್ಯಗಳಿಗೆ ದಕ್ಷಿಣ ಆಫ್ರಿಕಾದಲ್ಲಿ ಇಳಿಯಿತು. ಅಲ್ಲಿ ವರ್ಣಭೇದದ ಕಾನೂನು. ಬಿಲ್ಲಿ ಒಬ್ಬರೇ ಮನೆಗೆ ಮರಳಿದರು, ತಂಡ ಆಡಿತು. ನಮ್ಮ ಕ್ರಿಕೆಟ್ ಪ್ರಿಯರಿಗೆ 1968ರ ಬೆಸಿಲ್ ಡಿ ಒಲಿವೇರಾ ಪ್ರಕರಣ ನೆನಪಿರಬಹುದು. ಆಗ ಇಂಗ್ಲೆಂಡಿನ ಪ್ರವಾಸವೇ ರದ್ದಾಯಿತು, ಪತ್ರಿಕೆಗಳೆಲ್ಲ ಬರೆದವು. ಅದಕ್ಕೆ ಹನ್ನೊಂದು ವರ್ಷ ಮೊದಲಿನ ಈ ಸಂಗತಿಗೆ ಅಂಥ ಗದ್ದಲವೇನೂ ಆಗಲಿಲ್ಲ. ಕಾರ್ಮಿಕರ ಆಟ, ತಾರತಮ್ಯ ಮಾಡದ ಆಟ ಅಂತ ರಗ್ಬಿ ಲೀಗ್ ಬಗ್ಗೆ ಹೇಳೋದುಂಟು. ಬಹುಮಟ್ಟಿಗೆ ನಿಜವೇ, ಆದರೆ ಆ ಪ್ರವಾಸವನ್ನು ಬಿಟ್ಟು ಹೇಳಬಾರದು.

ವಿಗನ್‌ಗೆ 1968ರವರೆಗೆ 488 ಪಂದ್ಯ, 478 ಟ್ರೈ. ಆಟ ಬಿಟ್ಟ ಮೇಲೆ ಕ್ಲಬ್ಬಿನ ಮೈದಾನದ ಹತ್ತಿರವೇ ಪಬ್ ನಡೆಸಿದರು. ಊರು ಅವರನ್ನು ಬಿಟ್ಟುಕೊಡಲಿಲ್ಲ, 2016ರಲ್ಲಿ ಪ್ರತಿಮೆ ನಿಲ್ಲಿಸಿತು. 2023ರಲ್ಲಿ ಕಾರ್ಡಿಫ್ ಕೂಡ ನಿಲ್ಲಿಸಿತು, ಎಪ್ಪತ್ತು ವರ್ಷ ತಡವಾಗಿ. ಮರೆವಿನ ಕಾಯಿಲೆ ಆವರಿಸಿದ್ದ ಬಿಲ್ಲಿಗೆ 2025ರ ಜೂನ್‌ನಲ್ಲಿ ‘ಸರ್’ ಪದವಿ ಬಂತು. 130 ವರ್ಷದ ರಗ್ಬಿ ಲೀಗ್‌ನಲ್ಲಿ ಅದು ಸಿಕ್ಕ ಮೊದಲ ಆಟಗಾರ ಅವರು.

ಕಾರ್ಡಿಫ್‌ನ ಆ ಪ್ರತಿಮೆಯಲ್ಲಿ ಬಿಲ್ಲಿ ಜೊತೆ ಇನ್ನಿಬ್ಬರಿದ್ದಾರೆ. ಅವರಲ್ಲಿ ಒಬ್ಬರು ಕ್ಲೈವ್ ಸಲಿವನ್, 1972ರಲ್ಲಿ ವಿಶ್ವಕಪ್ ಗೆದ್ದ ತಂಡದ ನಾಯಕ. ಅವರ ಕಥೆ ಮುಂದಿನ ವಾರ.