ಗ್ರಹಗತಿಯ ಕಾರಣ: ಹುಕ್ಕನ ಸೂಚನೆಯೂ ನ್ಯೂಟನ್ನನ ಸಾಧನೆಯೂ

ಗ್ರಹಗಳ ಪಥವು ದೀರ್ಘವೃತ್ತವೆಂಬುದನ್ನು ಕೆಪ್ಲರನು 1609ರಲ್ಲಿ ಪ್ರಕಟಪಡಿಸಿದನು. ಅವು ಹಾಗೆ ಸಂಚರಿಸುವುದೇಕೆಂಬುದಕ್ಕೆ ಅವನು ಹೇಳಿದ ಸಮಾಧಾನವು ಮಾತ್ರ ನಿಲ್ಲಲಿಲ್ಲ. ತನ್ನ ಅಕ್ಷದ ಮೇಲೆ ತಿರುಗುವ ಸೂರ್ಯನಿಂದ ಹೊರಟ ಶಕ್ತಿಯೊಂದು ಗ್ರಹಗಳನ್ನು ಸುತ್ತ ಒಯ್ಯುವುದೆಂದು ಅವನ ಊಹೆ. ಡೆಕಾರ್ಟನು 1644ರಲ್ಲಿ ಸೂಕ್ಷ್ಮದ್ರವ್ಯದ ಸುಳಿಯನ್ನು ಕಲ್ಪಿಸಿ, ಗ್ರಹಗಳನ್ನು ಅದರಲ್ಲಿ ತೇಲಿಬಿಟ್ಟನು. ಗ್ರಹವನ್ನು ಸುತ್ತಿಸುವ ವಾಹಕವೊಂದು ಬೇಕೆಂಬುದರಲ್ಲಿ ಇಬ್ಬರದೂ ಒಂದೇ ಮತ.

ಈ ಪ್ರಶ್ನೆಯ ಮುಖವನ್ನೇ ತಿರುಗಿಸಿದವನು ರಾಬರ್ಟ್ ಹುಕ್. ಇವನಿಗೆ ಸಲ್ಲಬೇಕಾದ ಮನ್ನಣೆಯು ಬಹುಕಾಲ ಸಲ್ಲಲಿಲ್ಲ. 1666ರ ಮೇ ತಿಂಗಳಲ್ಲಿ ಲಂಡನ್ನಿನ ರಾಯಲ್ ಸೊಸೈಟಿಯ ಮುಂದೆ ತೂಗುಗುಂಡೊಂದನ್ನು ಸುತ್ತಿಸಿ ಅವನು ತೋರಿಸಿದುದಿಷ್ಟು: ಚಲಿಸುವ ವಸ್ತುವು ತಾನಾಗಿ ನೇರವಾಗಿಯೇ ಹೋಗುವುದು, ಮಧ್ಯದ ಕಡೆಗೆ ಎಳೆಯುವ ಬಲವೊಂದಿದ್ದರೆ ಅದರ ದಾರಿ ಬಾಗುವುದು. ಹಾಗಾದರೆ ಗ್ರಹವನ್ನು ಮುಂದಕ್ಕೆ ತಳ್ಳುವುದಕ್ಕೆ ಏನೂ ಬೇಡ. ಒಳಕ್ಕೆ ಸೆಳೆಯುವುದೊಂದಿದ್ದರೆ ಸಾಕು. 1679ರ ನವೆಂಬರ್ 24ರಂದು ಅವನು ಈ ಭಾವನೆಯನ್ನು ಕೇಂಬ್ರಿಜ್ಜಿನ ನ್ಯೂಟನ್ನನಿಗೆ ಬರೆದು ಅಭಿಪ್ರಾಯವನ್ನು ಕೇಳಿದನು. 1680ರ ಜನವರಿಯ ಪತ್ರದಲ್ಲಿ, ಆಕರ್ಷಣವು ದೂರದ ವರ್ಗಕ್ಕೆ ವಿಲೋಮವಾಗಿ ಕುಗ್ಗುವುದೆಂಬ ಊಹೆಯನ್ನೂ ಸೇರಿಸಿದನು. ಅದಕ್ಕೆ ಹಿಂದೆ ನ್ಯೂಟನ್ನನು ಈ ವಿಷಯವಾಗಿ ಬರೆದುದರಲ್ಲಿ ಕೇಂದ್ರದಿಂದ ದೂರ ಸರಿಯುವ ಪ್ರವೃತ್ತಿಗೇ ಪ್ರಾಧಾನ್ಯವಿದ್ದುದನ್ನು ನೆನೆದರೆ, ಪತ್ರದ ಬೆಲೆ ತಿಳಿಯುವುದು.

ಆದರೆ ಸೂಚಿಸುವುದು ಬೇರೆ, ಸಾಧಿಸುವುದು ಬೇರೆ. 1684ರ ಜನವರಿಯಲ್ಲಿ ಹುಕ್, ರೆನ್, ಹ್ಯಾಲಿ ಮೂವರೂ ಕಲೆತಾಗ, ಎರಡು ತಿಂಗಳೊಳಗೆ ಪ್ರಮಾಣವನ್ನು ತಂದವನಿಗೆ 40 ಷಿಲ್ಲಿಂಗಿನ ಪುಸ್ತಕವನ್ನು ಕೊಡುವೆನೆಂದು ರೆನ್ನನು ಹೇಳಿದನು. ತನ್ನ ಬಳಿ ಪ್ರಮಾಣವಿದೆಯೆಂದ ಹುಕ್ಕನು ಅದನ್ನು ತರಲೇ ಇಲ್ಲ. ಅದೇ ಆಗಸ್ಟಿನಲ್ಲಿ ಹ್ಯಾಲಿಯು ಕೇಂಬ್ರಿಜ್ಜಿಗೆ ಹೋಗಿ, ಅಂಥ ಬಲವಿದ್ದರೆ ಪಥವೇನಾಗುವುದೆಂದು ಕೇಳಿದಾಗ, ನ್ಯೂಟನ್ನನು ಕೂಡಲೇ ದೀರ್ಘವೃತ್ತವೆಂದನು. ಲೆಕ್ಕದ ಕಾಗದವು ಮಾತ್ರ ಆಗ ಸಿಕ್ಕಲಿಲ್ಲವಂತೆ! ನವೆಂಬರಿನಲ್ಲಿ ಪ್ರಮಾಣವು ಬಂದಿತು.

ಈ ಸಾಧನೆಯ ತಿರುಳು ಚಂದ್ರನ ಲೆಕ್ಕದಲ್ಲಿ ಸ್ಪಷ್ಟವಾಗಿದೆ. ಭೂಕೇಂದ್ರದಿಂದ ಚಂದ್ರನಿಗೆ ಸುಮಾರು 60 ಭೂತ್ರಿಜ್ಯಗಳ ದೂರ. ಆದುದರಿಂದ ಅಲ್ಲಿ ಭೂಮಿಯ ಸೆಳೆತವು ನೆಲದ ಮೇಲಿನದರ 3600ರಲ್ಲಿ ಒಂದು ಪಾಲಾಗಬೇಕು. ಕೈಬಿಟ್ಟ ಕಲ್ಲು ಇಲ್ಲಿ ಒಂದು ಸೆಕೆಂಡಿನಲ್ಲಿ ಸುಮಾರು 15 ಪ್ಯಾರಿಸ್ ಅಡಿ ಬೀಳುವುದು. ಚಂದ್ರನು ತನ್ನ ನೇರದಾರಿಯಿಂದ ಅಷ್ಟೇ ದೂರವನ್ನು ಒಂದು ನಿಮಿಷದಲ್ಲಿ ಬೀಳುತ್ತಾನೆ. ಎಂದರೆ ಕಲ್ಲನ್ನು ಕೆಡವುವ ಬಲವೇ ಚಂದ್ರನನ್ನೂ ಹಿಡಿದಿದೆ. ಅವನು ಸದಾ ಬೀಳುತ್ತಿದ್ದಾನೆ. ಮುಂದಕ್ಕೂ ಸಾಗುತ್ತಿರುವುದರಿಂದ ಭೂಮಿಯನ್ನು ಮುಟ್ಟುವುದಿಲ್ಲ. ಸೂರ್ಯನ ಸುತ್ತಲಿನ ಗ್ರಹಗಳ ಸ್ಥಿತಿಯೂ ಇದೇ.

ವಿಲೋಮವರ್ಗದ ನಿಯಮವು ತನ್ನದೆಂದು ಹುಕ್ಕನು ಹಕ್ಕು ಹೂಡಿದುದನ್ನು 1686ರಲ್ಲಿ ಕೇಳಿದ ನ್ಯೂಟನ್ನನು, ತನ್ನ ಗ್ರಂಥದ ಮೂರನೆಯ ಭಾಗವನ್ನೇ ಅಡಗಿಸುವೆನೆಂದು ಸಿಡಿದನು. ಹ್ಯಾಲಿಯು ಸಮಾಧಾನಪಡಿಸದಿದ್ದರೆ ಲೋಕಕ್ಕೆ ಎಷ್ಟು ನಷ್ಟವಾಗುತ್ತಿತ್ತೋ! ಕೊನೆಗೆ ಒಂದು ಟಿಪ್ಪಣಿಯಲ್ಲಿ ರೆನ್ ಮತ್ತು ಹ್ಯಾಲಿಯರ ಜೊತೆಗೆ ಹುಕ್ಕನ ಹೆಸರೂ ಸೇರಿತು. ನಿಯಮವನ್ನು ಕುರಿತು ನ್ಯೂಟನ್ನನ ವಾದದಲ್ಲಿ ಬಲವುಂಟು. ಪ್ರಶ್ನೆಯ ರೂಪವನ್ನು ಕುರಿತು ಹುಕ್ಕನಿಗೆ ಅನ್ಯಾಯವಾಯಿತೆಂದೇ ಹೇಳಬೇಕು. ಹ್ಯಾಲಿಯ ಸ್ವಂತ ಹಣದಿಂದ 'ಪ್ರಿನ್ಸಿಪಿಯಾ' 1687ರಲ್ಲಿ ಅಚ್ಚಾಯಿತು. 1703ರಲ್ಲಿ ಹುಕ್ಕನು ತೀರಿಕೊಂಡನು. ಅದೇ ವರ್ಷ ನ್ಯೂಟನ್ನನು ರಾಯಲ್ ಸೊಸೈಟಿಗೆ ಅಧ್ಯಕ್ಷನಾದನು.