ಸುಟ್ಟ ಮನೆಯ ಮುಂದೆ ನಿಂತ ನಿರ್ದೇಶಕಿ

ಇತಿಹಾಸವೆಂಬುದು ಗೆದ್ದವರ, ಸೋತವರ ಪಟ್ಟಿಯಷ್ಟೇ ಅಲ್ಲವೆಂದು ನನ್ನ ವಿದ್ಯಾರ್ಥಿಗಳಿಗೆ ಹೇಳುತ್ತಿದ್ದೆ. ಲೆಬನಾನಿನ ಚಿತ್ರನಿರ್ದೇಶಕಿ ಜೋಸೆಲಿನ್ ಸಾಬ್ ಅವರ ವೃತ್ತಿಜೀವನ ಆ ಮಾತಿಗೊಂದು ನಿದರ್ಶನ.

1948ರಲ್ಲಿ ಬೇರೂತಿನಲ್ಲಿ ಜನಿಸಿದ ಅವರು ಮೊದಲು ಪತ್ರಕರ್ತೆಯಾಗಿದ್ದರು. 1975ರಲ್ಲಿ ಅಂತರ್ಯುದ್ಧ ಹೊತ್ತಿಕೊಂಡಾಗ ತಮ್ಮ ನಾಡನ್ನೇ ಚಿತ್ರಿಸತೊಡಗಿದರು. 1976ರ ‘ಯುದ್ಧದ ಮಕ್ಕಳು’ ಸಾಕ್ಷ್ಯಚಿತ್ರದಲ್ಲಿ, ಕರಂಟೀನಾ ಹತ್ಯಾಕಾಂಡದಿಂದ ಪಾರಾದ ಮಕ್ಕಳಿಗೆ ಆಟವೆಂದರೆ ತಾವು ಕಂಡ ಕೊಲೆಗಳೇ. 1982ರ ಇಸ್ರೇಲಿ ಮುತ್ತಿಗೆಯ ವೇಳೆ ನಿರ್ದೇಶಕಿಯ ಮನೆಯೇ ಬೆಂಕಿಗೆ ಆಹುತಿಯಾಯಿತು. ‘ಬೇರೂತ್, ನನ್ನ ನಗರ’ ಆ ಅವಶೇಷಗಳ ನಡುವಿನಿಂದಲೇ ಆರಂಭವಾಗುತ್ತದೆ.

ಯುದ್ಧಾನಂತರ ಬೇರೂತ್ ಕುರಿತ ಹಳೆಯ ಚಲನಚಿತ್ರಗಳನ್ನು ಹುಡುಕಿ, ಅವುಗಳ ತುಣುಕುಗಳಿಂದ 1994ರಲ್ಲಿ ‘ಒಂದಾನೊಂದು ಕಾಲದ ಬೇರೂತ್’ ಹೆಣೆದರು. 2019ರಲ್ಲಿ ಪ್ಯಾರಿಸ್ಸಿನಲ್ಲಿ ನಿಧನರಾದರು.

ಓದುಗರೇ, ಸುಟ್ಟ ಮನೆಯನ್ನು ಮರಳಿ ಕಟ್ಟಬಹುದು. ಆದರೆ ಅಲ್ಲಿ ಬಾಳಿದವರ ನೆನಪನ್ನು ಯಾರಾದರೂ ಕಾಪಿಟ್ಟರೆ ಮಾತ್ರ ಅದು ಉಳಿಯುತ್ತದೆ. ಸಾಬ್ ಮಾಡಿದ್ದು ಆ ಕೆಲಸವನ್ನೇ.