ಸುದ್ದಿ ಇಲ್ಲ, ಹಂಸಗಳಿವೆ

ಬ್ಯಾಲೆ ಅಂದ್ರೆ ತುದಿಗಾಲಲ್ಲಿ ನಿಲ್ಲೋ ನಾಜೂಕಿನ ಡ್ಯಾನ್ಸು, ಅಷ್ಟೇ ತಾನೆ? ಅಲ್ಲ ಸ್ವಾಮಿ, ಅದು ಅಧಿಕಾರದ ಅಂಗಳದಲ್ಲಿ ಬೆಳೆದ ಕಲೆ. ಇಟಲಿಯ ಅರಮನೆಗಳಿಂದ 16ನೇ ಶತಮಾನದಲ್ಲಿ ಫ್ರಾನ್ಸಿಗೆ ಬಂತು. 1653ರಲ್ಲಿ, ಪ್ಯಾರಿಸ್‌ನಲ್ಲಿ ಶ್ರೀಮಂತರ ದಂಗೆ ಆಗಷ್ಟೇ ಅಡಗಿದ್ದಾಗ, 14 ವರ್ಷದ ದೊರೆ ಹದಿನಾಲ್ಕನೇ ಲೂಯಿ ಉದಯಸೂರ್ಯನ ವೇಷ ತೊಟ್ಟು ತಾನೇ ಕುಣಿದ. ಕತ್ತಲು ಮುಗೀತು, ಇನ್ನು ನಾನೇ ಬೆಳಕು ಅನ್ನೋದು ಸಂದೇಶ. ಇವತ್ತಿನ ಲೆಕ್ಕದಲ್ಲಿ ಪಕ್ಕಾ ರೋಡ್ ಶೋ! 1661ರಲ್ಲಿ ನೃತ್ಯಕ್ಕೆಂದೇ ಅಕಾಡೆಮಿ ಕಟ್ಟಿದ. ಬ್ಯಾಲೆಯ ಹೆಜ್ಜೆಗಳ ಹೆಸರು ಇಂದಿಗೂ ಫ್ರೆಂಚ್‌ನಲ್ಲೇ ಇವೆ.

ಮುಂದೆ ರಷ್ಯಾದ ಝಾರ್‌ಗಳು ಖಜಾನೆ ತೆರೆದು ಅದನ್ನು ಸಾಕಿದರು. ಕ್ರಾಂತಿಯಲ್ಲಿ ಝಾರ್ ಹೋದ, ಬ್ಯಾಲೆ ಉಳೀತು.

ಟಿವಿಯಲ್ಲಿ ಸುದ್ದಿ ಹೇಳುವ ನನ್ನನ್ನು ಕಾಡೋದು ಮಾತ್ರ 1991ರ ಆಗಸ್ಟ್ 19. ಗೋರ್ಬಚೇವ್ ಅವರನ್ನು ಕೆಳಗಿಳಿಸಲು ಸಂಚು ನಡೆದು ಮಾಸ್ಕೋ ಬೀದಿಗೆ ಟ್ಯಾಂಕ್‌ಗಳು ಬಂದಿವೆ. ಸೋವಿಯತ್ ಟಿವಿ ತೋರಿಸಿದ್ದೇನು? ಚೈಕೋವ್ಸ್ಕಿಯ 'ಸ್ವಾನ್ ಲೇಕ್', ಮತ್ತೆ ಮತ್ತೆ! ಬಿಳಿ ಹಂಸಗಳು ಕುಣಿಯುತ್ತಿವೆ, ದೇಶಕ್ಕೆ ಏನಾಗ್ತಿದೆ ಅಂತ ನೋಡುಗನಿಗೆ ಗೊತ್ತಾಗದು. ಸೆನ್ಸಾರ್ ಇಷ್ಟು ಸುಂದರವಾಗಿಯೂ ಇರಬಹುದಾ?

2022ರ ಮಾರ್ಚ್‌ನಲ್ಲಿ, ಉಕ್ರೇನ್ ಯುದ್ಧದ ವರದಿಗಾಗಿ ಸರ್ಕಾರದ ಕೆಂಗಣ್ಣಿಗೆ ಗುರಿಯಾದ ರಷ್ಯಾದ 'ದೋಜ್ದ್' ಚಾನೆಲ್ ಪ್ರಸಾರ ನಿಲ್ಲಿಸಿತು. ಸಿಬ್ಬಂದಿ ಸ್ಟುಡಿಯೋದಿಂದ ಎದ್ದು ಹೊರನಡೆದರು. ಪರದೆ ಮೇಲೆ ಅದೇ ಹಂಸಗಳು. ಈ ಸಲ ಹಾಕಿದ್ದು ಪತ್ರಕರ್ತರೇ.